ವಾಕಿಂಗ್ ಒಂದೇ ಸಾಲದು: ಐವತ್ತರ ಮೇಲೆ ಸ್ನಾಯು, ಮೂಳೆ, ಮಂಡಿ ಗಟ್ಟಿಯಾಗಿಟ್ಟುಕೊಳ್ಳುವುದು ಹೇಗೆ?

"ದಿನಾ ಬೆಳಿಗ್ಗೆ ಒಂದು ಗಂಟೆ ವಾಕಿಂಗ್ ಮಾಡ್ತೀನಿ, ಅಷ್ಟು ಸಾಕಲ್ವಾ?" ಐವತ್ತು ದಾಟಿದ ಯಾರ ಜೊತೆ ವ್ಯಾಯಾಮದ ಮಾತು ತೆಗೆದರೂ ಮೊದಲು ಬರುವ ಪ್ರಶ್ನೆ ಇದು. ವಾಕಿಂಗ್ ಖಂಡಿತ ಒಳ್ಳೆಯದು. ಹೃದಯಕ್ಕೂ ಒಳ್ಳೆಯದು, ಶುಗರ್ ಇದ್ದವರಿಗೂ ಒಳ್ಳೆಯದು, ಮನಸ್ಸಿಗೂ ಹಗುರ. ಅದನ್ನು ಬಿಡಬೇಡಿ. ಆದರೆ ಕೆಳಗೆ ಕೂತರೆ ಎದ್ದೇಳುವ ಶಕ್ತಿ ಉಳಿಯಬೇಕು, ಮೂಳೆ ಟೊಳ್ಳಾಗಬಾರದು, ಕಾಲು ಜಾರಿದಾಗ ಬೀಳದೆ ಸಾವರಿಸಿಕೊಳ್ಳಬೇಕು ಅಂದರೆ ವಾಕಿಂಗ್ ಒಂದೇ ಸಾಲದು. ಸ್ನಾಯುವಿಗೂ ಮೂಳೆಗೂ ಭಾರ ಬೇಕು. ದೇಹಕ್ಕೆ ಈಗಾಗಲೇ ಅಭ್ಯಾಸವಾಗಿರುವುದಕ್ಕಿಂತ ಸ್ವಲ್ಪ ಜಾಸ್ತಿ ಭಾರ.

ವಿಶ್ವ ಆರೋಗ್ಯ ಸಂಸ್ಥೆ 2020ರಲ್ಲಿ ಕೊಟ್ಟ ಸಲಹೆಯೂ ಇದನ್ನೇ ಹೇಳುತ್ತದೆ. ದೊಡ್ಡವರೆಲ್ಲ ವಾರಕ್ಕೆ 150ರಿಂದ 300 ನಿಮಿಷ ಸಾಧಾರಣ ವೇಗದ ನಡಿಗೆಯಂಥ ಚಟುವಟಿಕೆ ಮಾಡಬೇಕು. ಅದರ ಜೊತೆಗೆ ವಾರಕ್ಕೆ ಕನಿಷ್ಠ ಎರಡು ದಿನ ಸ್ನಾಯು ಬಲಪಡಿಸುವ ವ್ಯಾಯಾಮ. 65 ದಾಟಿದವರಿಗೆ ಇನ್ನೂ ಒಂದು ಸೇರುತ್ತದೆ: ವಾರಕ್ಕೆ ಮೂರು ದಿನವಾದರೂ ಸಮತೋಲನಕ್ಕೆ ಒತ್ತು ಕೊಡುವ ವ್ಯಾಯಾಮ. ನಮ್ಮಲ್ಲಿ ಹೆಚ್ಚಿನವರು ಮೊದಲನೆಯದನ್ನು ಮಾತ್ರ ಮಾಡುತ್ತಾರೆ. ಉಳಿದ ಎರಡನ್ನು ಮನೆಯಲ್ಲೇ, ಕುರ್ಚಿ, ಗೋಡೆ, ಅಕ್ಕಿ ಚೀಲ ಇಟ್ಟುಕೊಂಡು ಹೇಗೆ ಮಾಡುವುದು ಅಂತ ಇಲ್ಲಿ ಬರೆದಿದ್ದೇನೆ.

ಒಳಗೆ ಏನಾಗುತ್ತಿರುತ್ತದೆ?

ಮೂವತ್ತು ದಾಟಿದ ಮೇಲೆ ಪ್ರತಿ ಹತ್ತು ವರ್ಷಕ್ಕೆ ಶೇ. 3ರಿಂದ 8ರಷ್ಟು ಸ್ನಾಯು ಕಡಿಮೆಯಾಗುತ್ತಾ ಹೋಗುತ್ತದೆ. ಅರವತ್ತರ ನಂತರ ಈ ವೇಗ ಇನ್ನೂ ಜಾಸ್ತಿ. ತೂಕ ನೋಡಿದರೆ ಇದು ಗೊತ್ತಾಗುವುದಿಲ್ಲ. "ಇಪ್ಪತ್ತು ವರ್ಷದಿಂದ ಅದೇ 62 ಕೆಜಿ ಇದ್ದೀನಿ" ಎನ್ನುವವರಲ್ಲೂ ಸ್ನಾಯು ಹೋಗಿ ಆ ಜಾಗದಲ್ಲಿ ಕೊಬ್ಬು ಸೇರಿರಬಹುದು. ಇನ್ನೊಂದು ವಿಷಯ ಇದಕ್ಕಿಂತ ಮುಖ್ಯ. ಸ್ನಾಯುವಿನಲ್ಲಿ ನಿಧಾನದ ಎಳೆಗಳೂ ಇರುತ್ತವೆ, ಚುರುಕಿನ ಎಳೆಗಳೂ ಇರುತ್ತವೆ. ವಯಸ್ಸಾದಂತೆ ಹೆಚ್ಚು ಸೊರಗುವುದು ಈ ಚುರುಕಿನ ಎಳೆಗಳೇ. ಬಾತ್‌ರೂಮಿನಲ್ಲಿ ಕಾಲು ಜಾರಿದಾಗ ತಟ್ಟನೆ ಇನ್ನೊಂದು ಕಾಲು ಮುಂದಿಟ್ಟು ನಿಲ್ಲಬೇಕಾದರೆ ಬೇಕಾಗುವುದು ಅವೇ. ಗಂಟೆಗಟ್ಟಲೆ ನಡೆಯಬಲ್ಲ ಹಿರಿಯರೂ ಹಾಗೆ ಜಾರಿದಾಗ ಬಿದ್ದುಬಿಡುವುದಕ್ಕೆ ಇದೊಂದು ಕಾರಣ.

ಮೂಳೆ ನೋಡಲು ಕಲ್ಲಿನ ಹಾಗಿದ್ದರೂ ಅದು ಜೀವಂತ. ಹಳೆಯದನ್ನು ಕೆಡವುವ ಜೀವಕೋಶಗಳು ಒಂದು ಕಡೆ, ಹೊಸದನ್ನು ಕಟ್ಟುವ ಜೀವಕೋಶಗಳು ಇನ್ನೊಂದು ಕಡೆ, ಜೀವನಪೂರ್ತಿ ಕೆಲಸ ಮಾಡುತ್ತಲೇ ಇರುತ್ತವೆ. ವಯಸ್ಸಾದಂತೆ ಕೆಡವುವ ಕೆಲಸವೇ ಜಾಸ್ತಿಯಾಗುತ್ತದೆ. ಹೆಂಗಸರಿಗೆ ಮುಟ್ಟು ನಿಂತ ಮೇಲೆ ಈಸ್ಟ್ರೋಜೆನ್ ಹಾರ್ಮೋನು ಕಡಿಮೆಯಾಗಿ, ಮೊದಲ ಐದರಿಂದ ಏಳು ವರ್ಷದಲ್ಲೇ ಮೂಳೆಯ ಸಾಂದ್ರತೆ ಶೇ. 20ರಷ್ಟು ಕೂಡ ಇಳಿಯಬಹುದು. ನಮ್ಮ ದೇಶದಲ್ಲಿ ಸಾಮಾನ್ಯವಾಗಿ 46-47ಕ್ಕೇ ಮುಟ್ಟು ನಿಲ್ಲುತ್ತದೆ. ಹಾಗಾಗಿ ನಮ್ಮ ಹೆಣ್ಣುಮಕ್ಕಳು ಅರವತ್ತಾಗಲಿ ನೋಡೋಣ ಅಂತ ಕಾಯುವಂತಿಲ್ಲ.

ಮೂಳೆ ಎಲ್ಲಿ ಭಾರ ಬೀಳುತ್ತದೋ ಅಲ್ಲಿ ಗಟ್ಟಿಯಾಗುತ್ತದೆ. ಟೆನಿಸ್ ಆಟಗಾರರಲ್ಲಿ ರಾಕೆಟ್ ಹಿಡಿಯುವ ಕೈಯ ಮೂಳೆ ಇನ್ನೊಂದು ಕೈಯದಕ್ಕಿಂತ ದಪ್ಪ. ಭಾರವೇ ಇಲ್ಲದ ಬಾಹ್ಯಾಕಾಶದಲ್ಲಿ ಗಗನಯಾತ್ರಿಗಳಿಗೆ ಸೊಂಟದಂಥ ಕಡೆ ತಿಂಗಳಿಗೆ ಶೇ. 1ಕ್ಕೂ ಹೆಚ್ಚು ಮೂಳೆ ನಷ್ಟವಾಗುತ್ತದೆ. ಅದಕ್ಕೇ ಅವರು ಅಲ್ಲಿ ದಿನಾ ಗಂಟೆಗಟ್ಟಲೆ ವ್ಯಾಯಾಮ ಮಾಡಬೇಕಾಗುತ್ತದೆ. ಈಜು ಮತ್ತು ಸೈಕಲ್ ಹೃದಯಕ್ಕೆ ಬಹಳ ಒಳ್ಳೆಯದು, ಮಂಡಿಗೂ ಹಿತ. ಆದರೆ ಮೈಭಾರವನ್ನು ನೀರು ಅಥವಾ ಸೀಟು ಹೊತ್ತುಕೊಳ್ಳುವುದರಿಂದ ಮೂಳೆಗೆ ಅವುಗಳ ಲಾಭ ಕಡಿಮೆ.

ಇನ್ನು ಕೀಲುಗಳು. ಮಂಡಿಯೊಳಗೆ ಎರಡು ಮೂಳೆಗಳ ತುದಿಯಲ್ಲಿ ನುಣುಪಾದ ಕಾರ್ಟಿಲೇಜ್ ಪದರ ಇರುತ್ತದೆ. ಅದಕ್ಕೆ ರಕ್ತನಾಳಗಳೇ ಇಲ್ಲ. ಕೀಲಿನೊಳಗಿನ ದ್ರವದಿಂದಲೇ ಅದಕ್ಕೆ ಆಹಾರ ಸಿಗಬೇಕು. ಕಾಲಿನ ಮೇಲೆ ಭಾರ ಬಿದ್ದಾಗ, ಭಾರ ತೆಗೆದಾಗ, ಸ್ಪಂಜು ಹಿಂಡಿ ಬಿಟ್ಟ ಹಾಗೆ ಆ ದ್ರವ ಒಳಗೆ ಹೊರಗೆ ಓಡಾಡುತ್ತದೆ. ಕೀಲು ಅಲ್ಲಾಡದಿದ್ದರೆ ಇದು ನಡೆಯುವುದಿಲ್ಲ. ಮಂಡಿ ಸವೆಯುತ್ತದೆ ಅಂತ ಅದನ್ನು ಅಲ್ಲಾಡಿಸದೆ ಕೂರುವುದು ಅದಕ್ಕೆ ಉಪಕಾರವೇನಲ್ಲ.

ಈಗ ಶುರು ಮಾಡಿ ಏನು ಪ್ರಯೋಜನ ಅನ್ನುವವರಿಗೆ ಒಂದು ಅಧ್ಯಯನ ಹೇಳುತ್ತೇನೆ. 1990ರಲ್ಲಿ ಅಮೆರಿಕದ ಬಾಸ್ಟನ್‌ನಲ್ಲಿ, ಆರೈಕೆ ಕೇಂದ್ರದಲ್ಲಿದ್ದ ಸುಮಾರು 90 ವರ್ಷದ 10 ಜನರಿಗೆ 8 ವಾರ ಕಾಲಿನ ಭಾರದ ವ್ಯಾಯಾಮ ಮಾಡಿಸಿದರು. ಗಟ್ಟಿಮುಟ್ಟಾಗಿದ್ದವರಲ್ಲ, ನಿತ್ರಾಣದಲ್ಲಿದ್ದವರು. 9 ಜನ ಪೂರ್ತಿ ಮುಗಿಸಿದರು. ಅವರ ಕಾಲಿನ ಶಕ್ತಿ ಸರಾಸರಿ ಶೇ. 174ರಷ್ಟು ಏರಿತ್ತು. ಅಂದರೆ ಮೊದಲು ಇದ್ದದ್ದರ ಎರಡೂವರೆ ಪಟ್ಟಿಗೂ ಜಾಸ್ತಿ. ತೊಂಬತ್ತರಲ್ಲಿ ಇದು ಸಾಧ್ಯವಾದರೆ ಅರವತ್ತೈದು ಯಾವ ಲೆಕ್ಕ?

ಹೆಜ್ಜೆ 1: ಶುರುವಿಗೆ ಮುಂಚೆ

ನಡೆದಾಗ ಎದೆ ಹಿಡಿದುಕೊಳ್ಳುವುದು, ತಲೆ ಸುತ್ತುವುದು, ಹತೋಟಿಗೆ ಬಾರದ ಬಿಪಿ, ಇತ್ತೀಚೆಗೆ ಆಪರೇಷನ್ ಆಗಿರುವುದು, ಸಣ್ಣ ಪೆಟ್ಟಿಗೇ ಮೂಳೆ ಮುರಿದಿರುವುದು, ಇವುಗಳಲ್ಲಿ ಒಂದಿದ್ದರೂ ಮೊದಲು ವೈದ್ಯರ ಹತ್ತಿರ ಮಾತಾಡಿ. ಎತ್ತರ ಒಂದೂವರೆ ಇಂಚಿಗಿಂತ ಜಾಸ್ತಿ ಕಡಿಮೆಯಾಗಿದೆ, ಬೆನ್ನು ಬಾಗುತ್ತಿದೆ ಅನ್ನಿಸಿದರೆ ಬೆನ್ನುಮೂಳೆ ಒಳಗೇ ಕುಸಿದಿರುವ ಸಾಧ್ಯತೆ ಇದೆ. ಅದನ್ನೂ ತೋರಿಸಿ. ವರ್ಷಗಟ್ಟಲೆ ಸ್ಟೀರಾಯ್ಡ್ ಮಾತ್ರೆ ತೆಗೆದುಕೊಂಡವರು, ಬೇಗ ಮುಟ್ಟು ನಿಂತವರು, ಅಪ್ಪ ಅಮ್ಮನಿಗೆ ಸೊಂಟದ ಮೂಳೆ ಮುರಿದಿದ್ದವರು ಮೂಳೆಯ ಸಾಂದ್ರತೆ ಅಳೆಯುವ ಡೆಕ್ಸಾ ಸ್ಕ್ಯಾನ್ ಬೇಕಾ ಅಂತ ಕೇಳುವುದು ಒಳ್ಳೆಯದು. ಅದರಲ್ಲಿ ಟಿ ಸ್ಕೋರ್ (ಆರೋಗ್ಯವಂತ ಯುವಜನರ ಮೂಳೆಗೆ ಹೋಲಿಸಿ ಕೊಡುವ ಅಂಕ) ಮೈನಸ್ 2.5 ಅಥವಾ ಅದಕ್ಕಿಂತ ಕೆಳಗೆ ಬಂದರೆ ಆಸ್ಟಿಯೋಪೊರೋಸಿಸ್, ಅಂದರೆ ಮೂಳೆ ಟೊಳ್ಳಾಗುವ ಕಾಯಿಲೆ, ಎನ್ನುತ್ತಾರೆ.

ಯೋಗ ಮಾಡುವವರಿಗೆ ಒಂದು ಮಾತನ್ನು ಒತ್ತಿ ಹೇಳಬೇಕು, ಏಕೆಂದರೆ ಇದನ್ನು ತರಗತಿಗಳಲ್ಲಿ ಹೇಳುವುದು ಕಡಿಮೆ. ಆಸ್ಟಿಯೋಪೊರೋಸಿಸ್ ಇದ್ದವರು ಬೆನ್ನನ್ನು ಗುಂಡಗೆ ಮಾಡಿ ಮುಂದಕ್ಕೆ ಪೂರ್ತಿ ಬಗ್ಗುವ ಆಸನಗಳನ್ನು ಬಿಡಬೇಕು. ಪಶ್ಚಿಮೋತ್ತಾನಾಸನ, ಪಾದಹಸ್ತಾಸನ, ಹಲಾಸನ ಇವೆಲ್ಲ ಈ ಗುಂಪಿನವು. ಹಾಗೆ ಬಗ್ಗಿದಾಗ ಬೆನ್ನುಮೂಳೆಯ ಮುಂಭಾಗದ ಮೇಲೆ ಒತ್ತಡ ಬಿದ್ದು, ಟೊಳ್ಳಾದ ಮೂಳೆ ಅಪ್ಪಚ್ಚಿಯಾಗಬಹುದು. ವೀರಭದ್ರಾಸನ, ವೃಕ್ಷಾಸನ, ಉತ್ಕಟಾಸನ ಇವರಿಗೆ ಒಳ್ಳೆಯವು. ಕಣ್ಣಿನ ಗ್ಲಾಕೋಮಾ ಇದ್ದವರು ಶೀರ್ಷಾಸನದಂಥ ತಲೆಕೆಳಗಾಗುವ ಆಸನಗಳ ತಂಟೆಗೆ ಹೋಗಬಾರದು.

ಹೆಜ್ಜೆ 2: ಈಗ ಎಲ್ಲಿದ್ದೀರಿ ಅಂತ ನೋಡಿಕೊಳ್ಳಿ

ಕೈಯಿಲ್ಲದ, ಅಲುಗಾಡದ ಒಂದು ಕುರ್ಚಿ ತೆಗೆದುಕೊಳ್ಳಿ. ಸೀಟು ನೆಲದಿಂದ ಸುಮಾರು 17 ಇಂಚು ಇರಲಿ. ಅದನ್ನು ಗೋಡೆಗೆ ತಾಗಿಸಿ ಇಡಿ. ಕೂತು, ಎರಡೂ ಕೈಯನ್ನು ಎದೆಯ ಮೇಲೆ ಅಡ್ಡ ಕಟ್ಟಿಕೊಳ್ಳಿ. ಮನೆಯವರೊಬ್ಬರು ಫೋನಿನಲ್ಲಿ 30 ಸೆಕೆಂಡು ನೋಡಲಿ. ಅಷ್ಟರಲ್ಲಿ ಎಷ್ಟು ಸಲ ಪೂರ್ತಿ ಎದ್ದು ನಿಂತು ಮತ್ತೆ ಕೂತಿರಿ ಅಂತ ಎಣಿಸಿ. ಅಮೆರಿಕದ ರೋಗ ನಿಯಂತ್ರಣ ಕೇಂದ್ರದ ಲೆಕ್ಕದಲ್ಲಿ 60-64 ವಯಸ್ಸಿನ ಹೆಂಗಸರಿಗೆ 12, ಗಂಡಸರಿಗೆ 14 ಸಲವಾದರೂ ಬರಬೇಕು. 65-69ರಲ್ಲಿ 11 ಮತ್ತು 12. 70-74ರಲ್ಲಿ 10 ಮತ್ತು 12. ಅದಕ್ಕಿಂತ ಕಡಿಮೆಯಾದರೆ ಬೀಳುವ ಅಪಾಯ ಜಾಸ್ತಿ ಅಂತ ಅರ್ಥ. ಕೈ ಊರದೆ ಏಳುವುದಕ್ಕೇ ಆಗದಿದ್ದರೆ ಲೆಕ್ಕ ಸೊನ್ನೆ. ಬೇಸರ ಬೇಡ, ಅಲ್ಲಿಂದಲೇ ಶುರು ಮಾಡೋಣ.

ಎರಡನೆಯದು, ಅಡುಗೆ ಕಟ್ಟೆಯ ಪಕ್ಕದಲ್ಲಿ ಒಂಟಿ ಕಾಲಲ್ಲಿ 10 ಸೆಕೆಂಡು ನಿಲ್ಲುವುದು. ಬೇಕಾದರೆ ತಟ್ಟನೆ ಹಿಡಿದುಕೊಳ್ಳುವಂತೆ ಕೈ ಹತ್ತಿರವೇ ಇರಲಿ. ಎರಡೂ ಲೆಕ್ಕವನ್ನು ಗೋಡೆಯ ಕ್ಯಾಲೆಂಡರಿನಲ್ಲಿ ಬರೆದಿಡಿ. ತಿಂಗಳಿಗೊಮ್ಮೆ ಮತ್ತೆ ನೋಡಿ. ತೂಕಕ್ಕಿಂತ ಈ ಎರಡು ಅಂಕಿ ನಿಮ್ಮ ಬಗ್ಗೆ ಜಾಸ್ತಿ ಹೇಳುತ್ತವೆ.

ಹೆಜ್ಜೆ 3: ಕುರ್ಚಿಯಿಂದ ಏಳುವುದು

ಒಂದೇ ಒಂದು ವ್ಯಾಯಾಮ ಮಾಡುತ್ತೇನೆ ಅನ್ನುವವರಿಗೆ ನಾನು ಹೇಳುವುದು ಇದನ್ನೇ. ತೊಡೆ, ಪೃಷ್ಠ, ಬೆನ್ನಿನ ಕೆಳಭಾಗ ಮೂರಕ್ಕೂ ಕೆಲಸ ಸಿಗುತ್ತದೆ. ಬಸ್ಸಿನ ಎತ್ತರದ ಮೆಟ್ಟಿಲು ಹತ್ತುವುದಕ್ಕೆ, ಭಾರತೀಯ ಶೈಲಿಯ ಶೌಚಾಲಯದಿಂದ ಏಳುವುದಕ್ಕೆ ಬೇಕಾದ ಶಕ್ತಿಯೂ ಇದೇ. ಮೈಸೂರಿನ ಗರಡಿ ಮನೆಗಳಲ್ಲಿ ಪೈಲ್ವಾನರು ತಲೆತಲಾಂತರದಿಂದ ಹೊಡೆಯುವ ಬಸ್ಕಿಯ ಸುಲಭದ ರೂಪ ಇದು.

ಕುರ್ಚಿಯ ಮುಂದಿನ ಅಂಚಿಗೆ ಬಂದು ಕೂರಿ. ಪಾದಗಳ ನಡುವೆ ಸೊಂಟದಷ್ಟು ಅಗಲ ಇರಲಿ. ಹಿಮ್ಮಡಿ ಮಂಡಿಗಿಂತ ಸ್ವಲ್ಪ ಹಿಂದಕ್ಕೆ ಬರಲಿ. ಈಗ ಬೆನ್ನು ನೇರವಾಗಿಟ್ಟುಕೊಂಡೇ ಮುಂದಕ್ಕೆ ಬಾಗಿ, ಮೂಗು ಕಾಲ್ಬೆರಳಿನ ನೇರಕ್ಕೆ ಬರುವಷ್ಟು. ಹೆಚ್ಚಿನವರು ಇದನ್ನು ಮಾಡದೆ ನೇರ ಮೇಲಕ್ಕೆ ಏಳಲು ನೋಡುತ್ತಾರೆ, ಆಗದೆ ಕೈ ಊರುತ್ತಾರೆ. ಹಿಮ್ಮಡಿಯಿಂದ ನೆಲ ಒತ್ತಿ ಚುರುಕಾಗಿ ಎದ್ದು ನಿಲ್ಲಿ. ಕೂರುವಾಗ ಮಾತ್ರ ನಿಧಾನ: ಒಂದು, ಎರಡು, ಮೂರು ಅಂತ ಬಾಯಿಬಿಟ್ಟು ಎಣಿಸುತ್ತಾ ಇಳಿಯಿರಿ. ಕೊನೆಯಲ್ಲಿ ದೊಪ್ಪನೆ ಬೀಳಬಾರದು. ಬಾಯಿಬಿಟ್ಟು ಎಣಿಸಿದರೆ ಉಸಿರು ಕಟ್ಟುವುದಿಲ್ಲ. ಉಸಿರು ಬಿಗಿ ಹಿಡಿದರೆ ಬಿಪಿ ಏರುತ್ತದೆ. ಮಂಡಿಗಳು ಒಳಕ್ಕೆ ವಾಲದೆ ಕಾಲ್ಬೆರಳಿನ ದಿಕ್ಕಿಗೇ ಇರಬೇಕು. ಇದನ್ನು ಕನ್ನಡಿ ಎದುರು ಒಮ್ಮೆ ನೋಡಿಕೊಳ್ಳಿ.

ಚುರುಕಾಗಿ ಏಳಬೇಕು ಅಂತ ಹೇಳಿದ್ದು ಸುಮ್ನೆ ಅಲ್ಲ. ಮೇಲೆ ಹೇಳಿದ ಚುರುಕಿನ ಎಳೆಗಳಿಗೆ ಕೆಲಸ ಸಿಗುವುದು ಆಗಲೇ.

8 ಸಲ ಮಾಡಿ, ಒಂದೆರಡು ನಿಮಿಷ ಸುಧಾರಿಸಿಕೊಳ್ಳಿ, ಇನ್ನೊಮ್ಮೆ 8 ಸಲ. ಏಳುವುದಕ್ಕೇ ಆಗದವರು ಸೀಟಿನ ಮೇಲೆ ಗಟ್ಟಿ ದಿಂಬು ಅಥವಾ ಮಡಿಸಿದ ಜಮಖಾನ ಹಾಕಿ ಎತ್ತರ ಮಾಡಿಕೊಳ್ಳಿ. ನಮ್ಮಮ್ಮ ಎರಡು ದಿಂಬಿನಿಂದ ಶುರು ಮಾಡಿದರು. ಒಂದು ದಿಂಬು ತೆಗೆದ ದಿನ ಅವರ ಮುಖ ನೋಡಬೇಕಿತ್ತು. ಸುಲಭವಾಗಿ 12 ಸಲ ಬರುತ್ತಿದೆ ಅಂದರೆ 2 ಕೆಜಿ ಅಕ್ಕಿ ಚೀಲವನ್ನು ಎದೆಗೆ ಅಪ್ಪಿಕೊಂಡು ಮತ್ತೆ 8ರಿಂದ ಶುರು ಮಾಡಿ. ಆಮೇಲೆ 5 ಕೆಜಿ. ಆಮೇಲೆ ಕುರ್ಚಿಯ ಬದಲು ಸ್ವಲ್ಪ ಕುಳ್ಳಗಿನ ಸ್ಟೂಲು.

ಹೆಜ್ಜೆ 4: ನೆಲದಿಂದ ಎತ್ತುವುದು, ತಳ್ಳುವುದು, ಎಳೆಯುವುದು

ಇಪ್ಪತ್ತು ಲೀಟರಿನ ನೀರಿನ ಕ್ಯಾನ್ ಅಂದರೆ 20 ಕೆಜಿ. ಸೊಂಟ ಹಿಡಿದುಕೊಳ್ಳುವುದು ಇಂಥದ್ದನ್ನು ಎತ್ತುವಾಗಲೇ. "ಭಾರ ಎತ್ತಬೇಡಿ" ಅನ್ನುವುದು ಸುಲಭ, ಆದರೆ ಜೀವನ ಹಾಗೆ ನಡೆಯುವುದಿಲ್ಲ, ಅಲ್ವಾ? ಎತ್ತುವ ರೀತಿ ಕಲಿತು, ಶಕ್ತಿ ಬೆಳೆಸಿಕೊಳ್ಳುವುದೇ ಸರಿಯಾದ ದಾರಿ.

ಗೋಡೆಗೆ ಬೆನ್ನು ಹಾಕಿ, ಒಂದು ಗೇಣು ದೂರ ನಿಲ್ಲಿ. ಮಂಡಿ ಸ್ವಲ್ಪವೇ ಬಗ್ಗಿಸಿ, ಬೆನ್ನು ನೇರವಾಗಿಟ್ಟು, ಪೃಷ್ಠ ಗೋಡೆಗೆ ತಾಗುವವರೆಗೆ ಸೊಂಟವನ್ನು ಹಿಂದಕ್ಕೆ ತಳ್ಳಿ. ಬಗ್ಗಬೇಕಾದದ್ದು ತೊಡೆಯ ಬುಡದಲ್ಲಿ, ಬೆನ್ನಿನಲ್ಲಲ್ಲ. ತೊಡೆಯ ಹಿಂಭಾಗ ಎಳೆದಂತಾದರೆ ಸರಿಯಾಗಿ ಮಾಡುತ್ತಿದ್ದೀರಿ. ಇದು ಕೂಡಿ ಬಂದ ಮೇಲೆ ಎರಡು ಕೆಜಿ ಚೀಲವನ್ನು ಸ್ಟೂಲಿನ ಮೇಲಿಂದ ಎತ್ತಿ ಇಳಿಸಿ, ಆಮೇಲೆ ನೆಲದಿಂದ. ಚೀಲ ಯಾವಾಗಲೂ ಮೈಗೆ ಹತ್ತಿರ ಇರಬೇಕು. ವಾರಗಳು ಕಳೆದಂತೆ ತೂಕ ಏರಿಸಿ.

ಕೈಗಳಿಗೆ ಗೋಡೆ ದಂಡ. ಗೋಡೆಯಿಂದ ಒಂದು ಮೊಳ ದೂರ ನಿಂತು, ಅಂಗೈಗಳನ್ನು ಎದೆಯ ಮಟ್ಟಕ್ಕೆ ಊರಿ, ಮೈಯನ್ನು ಹಲಗೆಯಂತೆ ನೇರವಾಗಿಟ್ಟು ಗೋಡೆಯ ಹತ್ತಿರ ಹೋಗಿ ಬನ್ನಿ. ಸುಲಭವಾದ ಮೇಲೆ ಅಡುಗೆ ಕಟ್ಟೆ ಹಿಡಿದು ಮಾಡಿ. ಮೂಳೆ ದುರ್ಬಲವಾದಾಗ ಮಣಿಕಟ್ಟೂ ಬೇಗ ಮುರಿಯುತ್ತದೆ. ಇದರಲ್ಲಿ ಮಣಿಕಟ್ಟಿನ ಮೇಲೂ ಭಾರ ಬೀಳುತ್ತದೆ.

ಬೆನ್ನಿಗೆ ರಬ್ಬರ್ ಬ್ಯಾಂಡ್. ಫಿಸಿಯೋಥೆರಪಿಗೆ ಬಳಸುವ ಬಣ್ಣಬಣ್ಣದ ಬ್ಯಾಂಡ್ ಮೆಡಿಕಲ್ ಅಂಗಡಿಗಳಲ್ಲಿ ಸಿಗುತ್ತದೆ. ಕಿಟಕಿಯ ಸರಳಿಗೆ ಸುತ್ತಿ, ಎರಡು ತುದಿ ಹಿಡಿದು, ಮೊಣಕೈಯನ್ನು ಪಕ್ಕೆಲುಬಿನ ಪಕ್ಕ ಹಿಂದಕ್ಕೆ ಎಳೆಯಿರಿ. ಬೆನ್ನು ಗೂನಾಗುವುದನ್ನು ತಡೆಯುವ ಸ್ನಾಯುಗಳು ಇಲ್ಲೇ ಇರುವುದು. ಬ್ಯಾಂಡಿನಲ್ಲಿ ಸೀಳು ಬಿಟ್ಟಿದೆಯಾ ಅಂತ ಪ್ರತಿ ಸಲ ನೋಡಿ.

ಕೊನೆಗೆ, ಎರಡು ಕೈಯಲ್ಲಿ ಎರಡು ಬಟ್ಟೆ ಚೀಲ, ಒಂದೊಂದರಲ್ಲೂ ಎರಡು ಮೂರು ಕೆಜಿ, ಹಿಡಿದುಕೊಂಡು ಹಾಲಿನ ಆ ಕೊನೆಯಿಂದ ಈ ಕೊನೆಗೆ ನೆಟ್ಟಗೆ ನಡೆಯಿರಿ. ಸಂತೆಯಿಂದ ತರಕಾರಿ ಹೊತ್ತು ತರುವವರಿಗೆ ಇದು ಬೇಕಾಗಿಲ್ಲ. ಎಲ್ಲವನ್ನೂ ಆ್ಯಪಿನಲ್ಲಿ ತರಿಸಿಕೊಳ್ಳುವವರಿಗೆ ಖಂಡಿತ ಬೇಕು.

ಎಷ್ಟು ಭಾರ ಸರಿ ಅಂತ ಗೊತ್ತಾಗುವುದು ಹೇಗೆ? 8ರಿಂದ 12 ಸಲ ಮಾಡುವಾಗ ಕೊನೆಯ ಎರಡು ಸಲ ಕಷ್ಟ ಅನ್ನಿಸಬೇಕು, ಆದರೆ ಮೈ ಭಂಗಿ ಕೆಡಬಾರದು. ಇಪ್ಪತ್ತೈದು ಸಲ ಆರಾಮಾಗಿ ಮಾಡಬಹುದಾದ ಭಾರದಿಂದ ಕೈಕಾಲು ಆಡಿದಂತಾಗುತ್ತದೆ ಅಷ್ಟೇ, ಮೂಳೆಗೆ ಸಂದೇಶ ಮುಟ್ಟುವುದಿಲ್ಲ. ವಾರಕ್ಕೆ ಎರಡು ಅಥವಾ ಮೂರು ದಿನ ಸಾಕು, ನಡುವೆ ಒಂದು ದಿನ ಬಿಡುವಿರಲಿ.

ಹೆಜ್ಜೆ 5: ಮೂಳೆಗೆ ಸಣ್ಣ ಪೆಟ್ಟು

ಅಡುಗೆ ಕಟ್ಟೆ ಹಿಡಿದು ಎರಡೂ ಹಿಮ್ಮಡಿ ಮೇಲೆತ್ತಿ, ತುದಿಗಾಲಲ್ಲಿ ಎರಡು ಎಣಿಸುವಷ್ಟು ನಿಂತು ಇಳಿಸಿ. ಒಲೆಯ ಮೇಲೆ ಹಾಲು ಕಾಯುವಷ್ಟು ಹೊತ್ತು ಇದಕ್ಕೆ ಸಾಕು. ಮೀನಖಂಡ ಗಟ್ಟಿಯಾಗುತ್ತದೆ. ಮಂಡಿ, ಬೆನ್ನು ನೋವಿಲ್ಲದವರು ಕೊನೆಯ ಕೆಲವು ಸಲ ಹಿಮ್ಮಡಿಯನ್ನು ನೆಲಕ್ಕೆ ಸ್ವಲ್ಪ ಬಿರುಸಾಗಿ ಇಳಿಸಬಹುದು. ಮೂಳೆಗೆ ನಿಧಾನದ ಭಾರಕ್ಕಿಂತ ಇಂಥ ಸಣ್ಣ, ಚುರುಕಾದ ಪೆಟ್ಟು ಹೆಚ್ಚು ತಾಗುತ್ತದೆ. ಬೆನ್ನುಮೂಳೆ ಮುರಿದಿದ್ದವರಿಗೆ, ಆಸ್ಟಿಯೋಪೊರೋಸಿಸ್ ತೀವ್ರವಾಗಿರುವವರಿಗೆ ಇದು ಬೇಡ. ಮೆಟ್ಟಿಲು ಹತ್ತುವುದು ಎಲ್ಲರಿಗೂ ಒಳ್ಳೆಯದು, ಪಕ್ಕದ ಕಂಬಿ ಹಿಡಿದುಕೊಂಡೇ.

ಆಸ್ಟ್ರೇಲಿಯಾದ ಗ್ರಿಫಿತ್ ವಿಶ್ವವಿದ್ಯಾಲಯದಲ್ಲಿ ಮುಟ್ಟು ನಿಂತ, ಮೂಳೆ ಸಾಂದ್ರತೆ ಕಡಿಮೆಯಿದ್ದ ನೂರೊಂದು ಹೆಂಗಸರ ಮೇಲೆ ಒಂದು ಪ್ರಯೋಗ ನಡೆಯಿತು. ಒಂದು ಗುಂಪಿಗೆ 8 ತಿಂಗಳು, ವಾರಕ್ಕೆರಡು ದಿನ, ಅರ್ಧರ್ಧ ಗಂಟೆ ಬಾರ್ಬೆಲ್ (ಎರಡೂ ತುದಿಗೆ ಭಾರ ಹಾಕಿದ ಕಬ್ಬಿಣದ ಸರಳು) ಎತ್ತಿಸಿದರು, ಜಿಗಿದು ಇಳಿಯುವುದನ್ನೂ ಮಾಡಿಸಿದರು. ಇನ್ನೊಂದು ಗುಂಪಿಗೆ ಮನೆಯಲ್ಲಿ ಹಗುರ ವ್ಯಾಯಾಮ. ಮೊದಲ ಗುಂಪಿನವರ ಬೆನ್ನುಮೂಳೆಯ ಸಾಂದ್ರತೆ ಶೇ. 2.9 ಏರಿತು, ಎರಡನೆಯವರದು ಶೇ. 1.2 ಇಳಿಯಿತು. "ಮೂಳೆ ಸವೆತ ಇದೆ, ಭಾರ ಮುಟ್ಟಲೇಬೇಡಿ" ಅನ್ನುವ ಮಾತನ್ನು ಮತ್ತೊಮ್ಮೆ ಯೋಚಿಸುವಂತೆ ಮಾಡಿದ ಫಲಿತಾಂಶ ಇದು. ಆದರೆ ಅವರ ಪಕ್ಕದಲ್ಲಿ ನುರಿತ ತರಬೇತುದಾರರು ನಿಂತಿದ್ದರು, ಮೊದಲ ತಿಂಗಳು ಹಗುರ ಭಾರದಲ್ಲಿ ಭಂಗಿ ಕಲಿಸಿದ್ದರು. ಇದನ್ನು ಓದಿ ಒಬ್ಬರೇ ಜಿಮ್ಮಿಗೆ ಹೋಗಿ ಭಾರ ಎತ್ತಬೇಡಿ. ಹಿರಿಯರಿಗೆ ಕಲಿಸಿ ಅಭ್ಯಾಸವಿರುವ ಫಿಸಿಯೋಥೆರಪಿಸ್ಟ್ ಸಿಕ್ಕರೆ ಅವರ ಹತ್ತಿರ ಕಲಿಯಿರಿ.

ಹೆಜ್ಜೆ 6: ಮಂಡಿ ನೋವಿದ್ದರೆ

ಇಲ್ಲಿ ನನಗೆ ಹೇಳುವುದು ಬಹಳ ಇದೆ. ನಮ್ಮ ಊರುಗಳಲ್ಲಿ ಮಂಡಿ ನೋವು ಅಂದ ಕೂಡಲೇ ಸಿಗುವ ಸಲಹೆ ಇಷ್ಟೇ: ಕೆಳಗೆ ಕೂರಬೇಡಿ, ಮೆಟ್ಟಿಲು ಹತ್ತಬೇಡಿ, ರೆಸ್ಟ್ ಮಾಡಿ. ಆರು ತಿಂಗಳು ಹಾಗಿದ್ದರೆ ತೊಡೆ ಸೊರಗುತ್ತದೆ. ತೊಡೆ ಸೊರಗಿದರೆ ಹೆಜ್ಜೆ ಹೆಜ್ಜೆಗೂ ಬೀಳುವ ಹೊಡೆತ ನೇರ ಮಂಡಿಗೆ ಹೋಗುತ್ತದೆ. ನೋವು ಇನ್ನೂ ಜಾಸ್ತಿ. ಮತ್ತೆ ರೆಸ್ಟ್. ಈ ಸುಳಿಯಲ್ಲಿ ಸಿಕ್ಕಿ ನಡೆಯುವುದನ್ನೇ ಬಿಟ್ಟವರು ಪ್ರತಿ ಬೀದಿಯಲ್ಲೂ ಇದ್ದಾರೆ.

ಮಂಡಿ ಸವೆತಕ್ಕೆ ಜಗತ್ತಿನ ಪ್ರಮುಖ ವೈದ್ಯಕೀಯ ಮಾರ್ಗಸೂಚಿಗಳೆಲ್ಲ ಮೊದಲು ಹೇಳುವುದು ವ್ಯಾಯಾಮ, ಮತ್ತು ತೂಕ ಜಾಸ್ತಿಯಿದ್ದರೆ ಇಳಿಸುವುದು. ಡೆನ್ಮಾರ್ಕಿನಲ್ಲಿ 2013ರಿಂದ ಇದಕ್ಕೆಂದೇ ಒಂದು ಕಾರ್ಯಕ್ರಮ ನಡೆಸುತ್ತಾರೆ. ಫಿಸಿಯೋಥೆರಪಿಸ್ಟರ ಮುಂದೆ ವಾರಕ್ಕೆರಡು ದಿನ, ಸುಮಾರು ಆರರಿಂದ ಎಂಟು ವಾರ ವ್ಯಾಯಾಮ, ಜೊತೆಗೆ ರೋಗದ ಬಗ್ಗೆ ತಿಳಿವಳಿಕೆ. ಅದು ಈಗ ಬೇರೆ ಹಲವು ದೇಶಗಳಿಗೂ ಹರಡಿದೆ. ತೂಕದ ಲೆಕ್ಕವೂ ಕೇಳಿ: ಒಂದು ಕೆಜಿ ಇಳಿದರೆ ಪ್ರತಿ ಹೆಜ್ಜೆಗೆ ಮಂಡಿಯ ಮೇಲಿನ ಭಾರ ಸುಮಾರು ನಾಲ್ಕು ಕೆಜಿ ಇಳಿಯುತ್ತದೆ.

ಎಕ್ಸ್‌ರೇ ನೋಡಿ ಕಂಗಾಲಾಗಬೇಡಿ. ಚಿತ್ರದಲ್ಲಿ ಜಾಸ್ತಿ ಸವೆತ ಕಂಡರೂ ನೋವೇ ಇಲ್ಲದವರಿದ್ದಾರೆ, ಸ್ವಲ್ಪವೇ ಸವೆತವಿದ್ದರೂ ಒದ್ದಾಡುವವರಿದ್ದಾರೆ.

ನೋವಿದ್ದಾಗ ಎಷ್ಟು ಮಾಡಬಹುದು? ನೋವಿಗೆ ಸೊನ್ನೆಯಿಂದ ಹತ್ತರವರೆಗೆ ಅಂಕ ಕೊಡಿ. ವ್ಯಾಯಾಮದ ಹೊತ್ತಿನಲ್ಲಿ ನಾಲ್ಕರ ಆಸುಪಾಸಿನವರೆಗೆ ನೋವಾದರೆ ಪರವಾಗಿಲ್ಲ. ಮರುದಿನ ಬೆಳಿಗ್ಗೆ ಏಳುವಷ್ಟರಲ್ಲಿ ಅದು ಮೊದಲಿನ ಮಟ್ಟಕ್ಕೆ ಇಳಿದಿರಬೇಕು. ಇಳಿದಿಲ್ಲ ಅಂದರೆ ಮುಂದಿನ ಸಲ ಭಾರ, ಎಣಿಕೆ ಎರಡನ್ನೂ ಕಡಿಮೆ ಮಾಡಿ, ಪೂರ್ತಿ ನಿಲ್ಲಿಸಬೇಡಿ. ಕುರ್ಚಿಯ ವ್ಯಾಯಾಮಕ್ಕೆ ಎತ್ತರದ ಸೀಟು ತೆಗೆದುಕೊಳ್ಳಿ. ಅದೂ ಕಷ್ಟವಾದರೆ ಹಾಸಿಗೆಯ ಮೇಲೆ ಕಾಲು ಚಾಚಿ, ಮಂಡಿಯ ಕೆಳಗೆ ಸುತ್ತಿದ ಟವೆಲ್ ಇಟ್ಟು, ಅದನ್ನು ಕೆಳಕ್ಕೆ ಒತ್ತಿ ಐದು ಎಣಿಸಿ ಬಿಡಿ. ಅಲ್ಲಿಂದ ಕುರ್ಚಿಗೆ ಬನ್ನಿ.

ಮಂಡಿ ಊದಿ ಬಿಸಿಯಾಗಿ ಕೆಂಪಗಾಗಿದ್ದರೆ, ಬೆಳಿಗ್ಗೆ ಎದ್ದಾಗ ಬೆರಳುಗಳ ಬಿಗಿತ ಅರ್ಧ ಗಂಟೆಯಾದರೂ ಬಿಡದಿದ್ದರೆ, ಮಂಡಿ ಮಡಚಿ ಅಲ್ಲೇ ಸಿಕ್ಕಿಕೊಂಡರೆ ಅದು ಬರೀ ಸವೆತ ಅಲ್ಲದೆ ಇರಬಹುದು. ವೈದ್ಯರಿಗೆ ತೋರಿಸಿ. ಚಿಕುನ್‌ಗುನ್ಯಾ ಬಂದು ಹೋದ ಮೇಲೆ ತಿಂಗಳುಗಟ್ಟಲೆ ಕೀಲು ನೋವು ಉಳಿಯುವುದೂ ನಮ್ಮಲ್ಲಿ ಸಾಮಾನ್ಯ.

ಹೆಜ್ಜೆ 7: ಬೀಳದಂತೆ ನಿಲ್ಲುವುದು

ಸಮತೋಲನಕ್ಕೆ ದಿನಾ ಐದು ನಿಮಿಷ ಸಾಕು. ಕಟ್ಟೆಯ ಪಕ್ಕ ನಿಂತು ಒಂದು ಪಾದದ ಬೆರಳಿಗೆ ಇನ್ನೊಂದರ ಹಿಮ್ಮಡಿ ತಾಗುವಂತೆ ಇಟ್ಟು 10 ಸೆಕೆಂಡು ನಿಲ್ಲಿ, ಕಾಲು ಬದಲಿಸಿ. ಬಂದರೆ ಹಾಗೆಯೇ ಒಂದೇ ಗೆರೆಯ ಮೇಲೆ ನಡೆಯಿರಿ. ಆಮೇಲೆ ಒಂಟಿ ಕಾಲು. ಅದೂ ಬಂದ ಮೇಲೆ ನಿಂತಲ್ಲೇ ತಲೆಯನ್ನು ಎಡಕ್ಕೆ ಬಲಕ್ಕೆ ತಿರುಗಿಸಿ. ಹಲ್ಲುಜ್ಜುವಾಗ ಒಂಟಿ ಕಾಲಲ್ಲಿ ನಿಲ್ಲಿ ಅಂತ ಹಲವರು ಹೇಳುತ್ತಾರೆ. ಒಣ ನೆಲವಾದರೆ ಸರಿ, ನಮ್ಮ ಬಚ್ಚಲುಗಳ ಒದ್ದೆ ನೆಲದಲ್ಲಿ ಬೇಡ.

ಅದೇ ಬಚ್ಚಲಿನಲ್ಲಿ ಗೋಡೆಗೆ ಒಂದು ಹಿಡಿಕೆ ಹಾಕಿಸಿ. ಸವೆದ ಹವಾಯಿ ಚಪ್ಪಲಿ ಬಿಸಾಕಿ. ರಾತ್ರಿ ಎದ್ದರೆ ಕಾಣುವಂತೆ ಸಣ್ಣ ದೀಪ ಇರಲಿ. ನಿದ್ದೆ ಮಾತ್ರೆ ತೆಗೆದುಕೊಳ್ಳುವವರು, ಬಿಪಿ ಮಾತ್ರೆ ತೆಗೆದುಕೊಂಡು ಎದ್ದಾಗ ಕಣ್ಣು ಕತ್ತಲೆ ಬರುವವರು ಅದನ್ನು ವೈದ್ಯರಿಗೆ ಹೇಳಲೇಬೇಕು.

ನೆಲದ ಮೇಲೆ ಕೂತು ಏಳುವ ಅಭ್ಯಾಸವನ್ನು ಆದಷ್ಟು ಬಿಡಬೇಡಿ. ಚಕ್ಕಂಬಕ್ಕಲ ಹಾಕಿ ಕೂರುವುದು ಸೊಂಟದ ಕೀಲನ್ನು ಸಡಿಲವಾಗಿಡುತ್ತದೆ, ಎದ್ದೇಳುವುದು ಕಾಲಿಗೆ ಶಕ್ತಿ ಕೊಡುತ್ತದೆ. ಬಿಟ್ಟುಹೋಗಿದ್ದರೆ ಪಕ್ಕದಲ್ಲಿ ಗಟ್ಟಿ ಸ್ಟೂಲು ಇಟ್ಟುಕೊಂಡು, ಮೊದಲು ಒಂದು ಮಂಡಿ ಊರಿ, ಸ್ಟೂಲಿನ ಮೇಲೆ ಕೈಯಿಟ್ಟು ಏಳುವುದನ್ನು ಕಲಿಯಿರಿ. ಮಂಡಿ ಬದಲಿಸುವ ಆಪರೇಷನ್ ಆದವರು ಮಾತ್ರ ಇದನ್ನು ತಮ್ಮ ಸರ್ಜನ್ ಹತ್ತಿರ ಕೇಳಿ ಮಾಡಬೇಕು.

ಹೆಜ್ಜೆ 8: ತಟ್ಟೆಯಲ್ಲಿ ಏನಿರಬೇಕು

ವ್ಯಾಯಾಮ ಮಾಡಿ ಬರೀ ಅನ್ನ ತಿಳಿಸಾರು ಉಂಡರೆ ಸ್ನಾಯು ಬೆಳೆಯುವುದಿಲ್ಲ. ಹಿರಿಯರಿಗೆ ದಿನಕ್ಕೆ ಪ್ರತಿ ಕೆಜಿ ಮೈತೂಕಕ್ಕೆ 1ರಿಂದ 1.2 ಗ್ರಾಂ ಪ್ರೋಟೀನ್ ಬೇಕು ಅನ್ನುತ್ತಾರೆ ತಜ್ಞರು. 60 ಕೆಜಿಯವರಿಗೆ 60ರಿಂದ 72 ಗ್ರಾಂ. ಒಂದು ಮೊಟ್ಟೆಯಲ್ಲಿ 6 ಗ್ರಾಂ, ಒಂದು ಲೋಟ ಹಾಲಿನಲ್ಲೂ ಹೆಚ್ಚು ಕಡಿಮೆ ಅಷ್ಟೇ. ಸಸ್ಯಾಹಾರಿ ಮನೆಗಳಲ್ಲಿ ತೊಂದರೆ ಬರುವುದು ಬೆಳಗಿನ ತಿಂಡಿಯಲ್ಲಿ. ಉಪ್ಪಿಟ್ಟು, ಚಿತ್ರಾನ್ನ, ಅವಲಕ್ಕಿಯಲ್ಲಿ ಪ್ರೋಟೀನ್ ಅಷ್ಟಕ್ಕಷ್ಟೆ. ವಾರದಲ್ಲಿ ಕೆಲವು ದಿನ ಹೆಸರುಕಾಳಿನ ದೋಸೆ, ಮೊಳಕೆಕಾಳಿನ ಉಸಲಿ, ಜೊತೆಗೆ ಶೇಂಗಾ ಚಟ್ನಿ ಇರಲಿ. ಬಸ್ಸಾರು ಮಾಡಿದರೆ ಕಟ್ಟಿನ ಸಾರಷ್ಟೇ ಅಲ್ಲ, ಕಾಳಿನ ಪಲ್ಯವನ್ನೂ ಧಾರಾಳವಾಗಿ ಬಡಿಸಿಕೊಳ್ಳಿ. ಕಿಡ್ನಿ ತೊಂದರೆ ಇರುವವರು ಪ್ರೋಟೀನ್ ಏರಿಸುವ ಮುಂಚೆ ವೈದ್ಯರನ್ನು ಕೇಳಬೇಕು.

ಕ್ಯಾಲ್ಸಿಯಂ ವಿಷಯದಲ್ಲಿ ನಾವು ಅದೃಷ್ಟವಂತರು. 100 ಗ್ರಾಂ ರಾಗಿಯಲ್ಲಿ 350 ಮಿಲಿಗ್ರಾಂ ಆಸುಪಾಸು ಇದೆ. ಎಳ್ಳಿನಲ್ಲಿ ಇನ್ನೂ ಜಾಸ್ತಿ. ದಿನಕ್ಕೆ ಬೇಕಾದದ್ದು 1000 ಮಿಲಿಗ್ರಾಂ, ಮುಟ್ಟು ನಿಂತವರಿಗೆ 1200. ಮುದ್ದೆ, ಮೊಸರು, ಸೊಪ್ಪು, ಎಳ್ಳಿನ ಚಟ್ನಿಪುಡಿ ಸೇರಿದರೆ ಬಹುಪಾಲು ಊಟದಲ್ಲೇ ಸಿಗುತ್ತದೆ. ವಿಟಮಿನ್ ಡಿ ಮಾತ್ರ ಊಟದಲ್ಲಿ ಸಾಲುವುದಿಲ್ಲ, ಬಿಸಿಲು ಬೇಕು. ಲಂಡನ್ನಿನಲ್ಲೋ ಟೊರಾಂಟೊದಲ್ಲೋ ಮಕ್ಕಳ ಮನೆಯಲ್ಲಿ ಚಳಿಗಾಲ ಕಳೆಯುವವರಿಗೆ ಅಲ್ಲಿನ ಬಿಸಿಲಿನಿಂದ ಅದು ಸಿಗುವುದಿಲ್ಲ. ಹಾಗಂತ ವಾರಕ್ಕೊಂದು 60,000 ಯೂನಿಟ್ಟಿನ ಮಾತ್ರೆಯನ್ನು ನೀವಾಗಿಯೇ ವರ್ಷಗಟ್ಟಲೆ ನುಂಗಬೇಡಿ. ಅತಿಯಾದರೆ ವಿಷವಾಗುತ್ತದೆ.

ಹೆಜ್ಜೆ 9: ವಾರದ ಲೆಕ್ಕ, ಮತ್ತು ನಿಂತುಹೋದಾಗ

ಸೋಮವಾರ, ಗುರುವಾರ ಅರ್ಧರ್ಧ ಗಂಟೆ 3, 4 ಮತ್ತು 5ನೇ ಹೆಜ್ಜೆಗಳು. ಉಳಿದ ದಿನ ನಡಿಗೆ, ಅದರಲ್ಲಿ ನಡುನಡುವೆ ಒಂದೆರಡು ನಿಮಿಷ ಬಿರುಸಾಗಿ. ಸಮತೋಲನ ದಿನಾ. ಶುರುವಿಗೆ ಐದು ನಿಮಿಷ ನಿಂತಲ್ಲೇ ನಡೆದು ಮೈ ಬಿಸಿ ಮಾಡಿಕೊಳ್ಳಿ. ಮೊದಲ ಎರಡು ವಾರ ಮೈಕೈ ನೋವು ಬರುತ್ತದೆ, ಎರಡು ಮೂರು ದಿನದಲ್ಲಿ ಹೋಗುತ್ತದೆ. ಶಕ್ತಿ ಬಂದಿದೆ ಅಂತ ಆರರಿಂದ ಎಂಟು ವಾರದಲ್ಲಿ ನಿಮಗೇ ಗೊತ್ತಾಗುತ್ತದೆ. ಮೂಳೆ ಮಾತ್ರ ನಿಧಾನ, ಸ್ಕ್ಯಾನಿನಲ್ಲಿ ವ್ಯತ್ಯಾಸ ಕಾಣಲು ವರ್ಷವೇ ಬೇಕಾಗಬಹುದು. ಮೂಳೆಗೆ ವೈದ್ಯರು ಔಷಧಿ ಬರೆದಿದ್ದರೆ ವ್ಯಾಯಾಮ ಮಾಡುತ್ತೇನೆ ಅಂತ ಅದನ್ನು ನಿಲ್ಲಿಸಬೇಡಿ.

ಮದುವೆ ಮನೆ, ಪ್ರವಾಸ, ಜ್ವರ ಅಂತ ಒಂದೆರಡು ವಾರ ತಪ್ಪುವುದು ಇದ್ದದ್ದೇ. ಮತ್ತೆ ಶುರು ಮಾಡುವಾಗ ಬಿಟ್ಟ ಭಾರದ ಅರ್ಧದಿಂದ ಹೊರಡಿ. ಆಸ್ಪತ್ರೆಗೆ ಸೇರಿದರೆ ಮಾತ್ರ ಹುಷಾರಾಗಿರಬೇಕು. 2007ರಲ್ಲಿ ಪ್ರಕಟವಾದ ಒಂದು ಅಧ್ಯಯನದಲ್ಲಿ ಆರೋಗ್ಯವಾಗಿದ್ದ ಹಿರಿಯರನ್ನು ಬರೀ 10 ದಿನ ಹಾಸಿಗೆಯಲ್ಲೇ ಮಲಗಿಸಿದ್ದರು. ಅಷ್ಟರಲ್ಲೇ ಅವರ ಕಾಲುಗಳಿಂದ ಒಂದು ಕೆಜಿಯ ಹತ್ತಿರ ಸ್ನಾಯು ಹೋಗಿತ್ತು. ಹಾಗಾಗಿ ಮನೆಯವರು ಪ್ರೀತಿಯಿಂದ "ಏಳಬೇಡಿ, ಮಲಗಿರಿ" ಅಂದರೂ, ವೈದ್ಯರು ಬೇಡ ಅನ್ನದಿದ್ದರೆ ಊಟಕ್ಕಾದರೂ ಎದ್ದು ಕುರ್ಚಿಯಲ್ಲಿ ಕೂರಿ. ಮಲಗಿದ್ದಾಗ ಗಂಟೆಗೊಮ್ಮೆ ಪಾದವನ್ನು ಮೇಲೆ ಕೆಳಗೆ ಆಡಿಸಿ, ತೊಡೆ ಬಿಗಿ ಹಿಡಿದು ಬಿಡಿ. ಎದ್ದು ಓಡಾಡಲು ಅನುಮತಿ ಸಿಕ್ಕ ದಿನವೇ ಯಾರದಾದರೂ ಕೈ ಹಿಡಿದು ವಾರ್ಡಿನ ಬಾಗಿಲವರೆಗೆ ನಡೆಯಿರಿ. ಫಿಸಿಯೋಥೆರಪಿಸ್ಟ್ ಬರುತ್ತಾರಾ ಅಂತ ಡಿಸ್ಚಾರ್ಜಿಗೆ ಮುಂಚೆಯೇ ಕೇಳಿ, ಮನೆಯಲ್ಲಿ ಮೊದಲ ವಾರ ಏನೇನು ಮಾಡಬೇಕು ಅಂತ ಬರೆಸಿಕೊಳ್ಳಿ.